ಒಂದು ಮೊಳ ಹೂವಿನ ಹೊತ್ತು

ಗಾಂಧಿ ಬಜಾರಿನಲ್ಲಿ ಹೂ ಮಾರುವ ಅಮ್ಮ ಒಬ್ಬರಿದ್ದಾರೆ. ಅವರು ಒಂದು ಮೊಳ ಕಾಕಡ ಕಟ್ಟಿ ಮುಗಿಸೋಕೆ 11 ನಿಮಿಷ 20 ಸೆಕೆಂಡು ಹಿಡಿಯಿತು. ಇಷ್ಟು ಕರಾರುವಾಕ್ಕಾಗಿ ಹೇಗೆ ಗೊತ್ತು ಅಂದರೆ, ಅಷ್ಟೂ ಹೊತ್ತು ನನ್ನ ಕ್ಯಾಮೆರಾ ಓಡುತ್ತಿತ್ತು. ಮೊದಲ ಹೂವಿಗೆ ಶುರು ಮಾಡಿದೆ, ಕೊನೆಯ ಗಂಟಿಗೆ ನಿಲ್ಲಿಸಿದೆ. ನಡುವೆ ಏನನ್ನೂ ತೆಗೆಯಲಿಲ್ಲ.

ಒಂದು ವರ್ಷದಿಂದ ಭಾನುವಾರ ಭಾನುವಾರ ನಾನು ಮಾಡುತ್ತಿರುವ ಕೆಲಸ ಇದೇ. ಬೆಂಗಳೂರಿನ ಯಾವುದಾದರೂ ಒಂದು ಜಾಗಕ್ಕೆ ಹೋಗುವುದು, ಕ್ಯಾಮೆರಾ ಇಡುವುದು, ಅಲ್ಲಾಡಿಸದೆ ನೋಡುವುದು. ಸಿನಿಮಾದವರು ಇದನ್ನು ಲಾಂಗ್ ಟೇಕ್ ಅನ್ನುತ್ತಾರೆ. ಕತ್ತರಿ ಬೀಳದ, ಉದ್ದನೆಯ ಒಂದೇ ಶಾಟ್. ಕಥೆ ಇಲ್ಲ, ನಟರಿಲ್ಲ, ಹಿನ್ನೆಲೆ ಸಂಗೀತ ಇಲ್ಲ. ಕೇಳಿದವರೆಲ್ಲ "ಇದನ್ನ ಯಾರು ನೋಡ್ತಾರೆ?" ಅನ್ನುತ್ತಾರೆ. ಅದಕ್ಕೆ ಬಾಯಿಮಾತಿನಲ್ಲಿ ಉತ್ತರ ಕೊಡೋಕೆ ನನಗೆ ಬರುವುದಿಲ್ಲ. ಅದಕ್ಕೇ ಬರೆಯುತ್ತಿದ್ದೇನೆ.

ಹೊಟ್ಟೆಪಾಡಿಗೆ ನಾನು ಎಡಿಟರ್. ಜಾಹೀರಾತು, ಕಂಪನಿಗಳ ವಿಡಿಯೊ, ಸೀಸನ್ನಿನಲ್ಲಿ ಮದುವೆ. 30 ಸೆಕೆಂಡಿನ ಒಂದು ಜಾಹೀರಾತಿನಲ್ಲಿ ಇಪ್ಪತ್ತು, ಇಪ್ಪತ್ತೈದು ಶಾಟ್ ಇರುತ್ತವೆ. ಕಾಫಿ ಪುಡಿಯ ಜಾಹೀರಾತು ಅಂದುಕೊಳ್ಳಿ. ಡಿಕಾಕ್ಷನ್ ತೊಟ್ಟಿಕ್ಕುವುದು ಮುಕ್ಕಾಲು ಸೆಕೆಂಡು. ಹಾಲು ಉಕ್ಕುವುದು ಅರ್ಧ ಸೆಕೆಂಡು. ಲೋಟದಿಂದ ಬಟ್ಟಲಿಗೆ ಸುರಿಯುವುದು ಒಂದು ಸೆಕೆಂಡು. ಮನೆಯಲ್ಲಿ ಫಿಲ್ಟರಿನಿಂದ ಡಿಕಾಕ್ಷನ್ ಇಳಿಯೋಕೆ ಕಾಲು ಗಂಟೆ ಬೇಕು. ಆ ಕಾಲು ಗಂಟೆ ಕಾಣದ ಹಾಗೆ ಮಾಡುವುದು ನನ್ನ ಕೆಲಸ. ಕೆಲಸ ನನಗೆ ಇಷ್ಟ. ಎರಡು ಶಾಟ್ ಸರಿಯಾಗಿ ಕೂಡಿದಾಗ ಆಗುವ ಖುಷಿಯೇ ಬೇರೆ. ಆದರೆ ತೆಗೆದುಹಾಕಿದ್ದೆಲ್ಲ ಎಲ್ಲಿ ಹೋಗುತ್ತದೆ ಅನ್ನುವ ಯೋಚನೆ ಮಾತ್ರ ಎಷ್ಟೋ ವರ್ಷಗಳಿಂದ ನನ್ನನ್ನು ಬಿಟ್ಟಿರಲಿಲ್ಲ.

ಒಂದು ಸಲ ಬಟ್ಟೆ ಅಂಗಡಿಯ ಜಾಹೀರಾತಿಗೆ ಫುಟೇಜ್ ಬಂತು. ಟೈಲರ್ ಒಬ್ಬರ ಕೈ ಬೇಕಿತ್ತು. ನಟರ ಕೈ ಒಪ್ಪುವುದಿಲ್ಲ ಅಂತ ಪಕ್ಕದ ಬೀದಿಯ ಟೈಲರನ್ನೇ ಕರೆಸಿ ಕೂರಿಸಿದ್ದರು. ಡೈರೆಕ್ಟರ್ "ಕಟ್" ಅಂದದ್ದು ಕೇಳಿಸುತ್ತದೆ. ಲೈಟಿನವರು ಓಡಾಡುತ್ತಾರೆ. ಕ್ಯಾಮೆರಾದವರು ನಿಲ್ಲಿಸೋದು ಮರೆತಿದ್ದಾರೆ. ಟೈಲರ್ ಮಾತ್ರ ಹೊಲಿಗೆ ನಿಲ್ಲಿಸಲಿಲ್ಲ. ಅಂಚು ಅರ್ಧಕ್ಕೆ ಬಿಡೋಕೆ ಅವರಿಗೆ ಮನಸ್ಸು ಬಂದಿಲ್ಲ. ಪೂರ್ತಿ ಹೊಲಿದರು. ದಾರವನ್ನು ಹಲ್ಲಿನಲ್ಲಿ ಕಡಿದರು. ಬಟ್ಟೆಯನ್ನು ಬೆಳಕಿಗೆ ಹಿಡಿದು, ಒಂದು ಕಣ್ಣು ಕಿರಿದು ಮಾಡಿ, ಹೊಲಿಗೆ ನೆಟ್ಟಗೆ ಬಂದಿದೆಯಾ ಅಂತ ನೋಡಿದರು. ಆಮೇಲೆ ಅದನ್ನು ಮಡಚಿ ಪಕ್ಕಕ್ಕಿಟ್ಟು, ಈಗೇನು ಮಾಡಲಿ ಅನ್ನುವ ಹಾಗೆ ಸುತ್ತ ನೋಡಿದರು. ಎರಡು ನಿಮಿಷ ಚಿಲ್ಲರೆ. ಜಾಹೀರಾತಿಗೆ ಅದರಲ್ಲಿ ಒಂದು ಫ್ರೇಮೂ ಬೇಡ. ಅವತ್ತು ರಾತ್ರಿ ನಾನು ಆ ಎರಡು ನಿಮಿಷವನ್ನು ಮೂರು ಸಲ ನೋಡಿದೆ.

ಆ ಮೇಲೇ ಹಳೆಯದೊಂದು ಕ್ಯಾಮೆರಾ ಕೊಂಡೆ.

ಟ್ರೈಪಾಡ್ ನಾನು ಬಳಸುವುದಿಲ್ಲ. ಬೀದಿಯಲ್ಲಿ ಟ್ರೈಪಾಡ್ ಇಟ್ಟರೆ ಎರಡೇ ನಿಮಿಷಕ್ಕೆ ಜನ ಸೇರುತ್ತಾರೆ, ಯಾವ ಚಾನೆಲ್ಲು ಅಂತ ಕೇಳುತ್ತಾರೆ. ನನ್ನ ಅಮ್ಮ ಹಳೆಯ ದಿಂಬಿನ ಕವರಿನಲ್ಲಿ ಒಂದು ಸಣ್ಣ ಚೀಲ ಹೊಲಿದುಕೊಟ್ಟಿದ್ದಾರೆ. ಅದರ ತುಂಬ ರಾಗಿ. ಅದನ್ನು ಕಟ್ಟೆ ಮೇಲೋ, ಮೆಟ್ಟಿಲ ಮೇಲೋ ಇಟ್ಟು ಕ್ಯಾಮೆರಾ ಒತ್ತಿದರೆ ಕಾಳು ಸರಿದು ಅದೇ ಅಚ್ಚಿಗೆ ಕೂರುತ್ತದೆ, ಅಲ್ಲಾಡುವುದಿಲ್ಲ. ಮೊದಲು ಅಕ್ಕಿ ತುಂಬಿ ನೋಡಿದೆವು, ರಾಗಿಯಷ್ಟು ಚೆನ್ನಾಗಿ ಕೂರಲಿಲ್ಲ. ಇನ್ನೊಂದು ಲಾಭವೂ ಇದೆ. ಚೀಲ ನೆಲದ ಹತ್ತಿರ ಇರುತ್ತದೆ. ನೆಲದ ಮೇಲೆ ಕೂತು ಕೆಲಸ ಮಾಡುವವರನ್ನು ನಿಂತವರ ಕಣ್ಣಿನಿಂದ ನೋಡುವುದು ತಪ್ಪುತ್ತದೆ. ಈ ಊರಿನಲ್ಲಿ ಎಷ್ಟೊಂದು ಕೆಲಸ ಕೂತೇ ನಡೆಯುತ್ತದೆ ಅನ್ನುವುದು ಚೀಲ ಬಂದ ಮೇಲೆ ಗೊತ್ತಾಯಿತು.

ಹೂವಿನ ಅಮ್ಮನ ಹತ್ತಿರ ಮೊದಲ ಎರಡು ವಾರ ಬರೀ ಹೂ ಕೊಂಡೆ. ಮೂರನೇ ವಾರ ಕೇಳಿದೆ. "ಅಮ್ಮಾ, ನೀವು ಹೂ ಕಟ್ಟೋದನ್ನ ವಿಡಿಯೊ ಮಾಡ್ಕೊಳ್ಳಲಾ?"

"ನನ್ನ ಮುಖ ಬೇಡ ಕಣಮ್ಮ. ಕೈ ಬೇಕಾದ್ರೆ ತಗೋ. ಎಷ್ಟೊತ್ತು?"

"ಒಂದು ಮೊಳ ಆಗೋವರೆಗೂ."

"ಅಷ್ಟೇ ತಾನೇ, ಕೂತ್ಕೋ."

ಹಿಂದೆ ಗೋಣಿಚೀಲ ಹಾಸಿಕೊಂಡು ನಿಂಬೆಹಣ್ಣು ಮಾರುವ ಹುಡುಗನೊಬ್ಬ ಫ್ರೇಮಿನಲ್ಲಿ ಬರುತ್ತಿದ್ದ. ಅವನನ್ನೂ ಹೋಗಿ ಕೇಳಿದೆ. ತಲೆ ಆಡಿಸಿದ. ಅವನು ಇದ್ದದ್ದು ನನಗೆ ಖುಷಿಯೇ ಆಯಿತು. ಬಿಳಿ ಹೂವಿನ ಹಿಂದೆ ಆ ಹಳದಿ ಗುಡ್ಡೆಗಳು ಬಹಳ ಚೆನ್ನಾಗಿ ಕೂತಿದ್ದವು.

ಆ ಟೇಕ್‌ನಲ್ಲಿ ಏನಿದೆ ಅಂತ ಹೇಳುತ್ತೇನೆ. ಬೆಳಿಗ್ಗೆ ಏಳು ಗಂಟೆಯ ಬೆಳಕು. ಒದ್ದೆ ಬಟ್ಟೆ ಮುಚ್ಚಿದ ಬುಟ್ಟಿ, ಬಾಳೆಲೆಯ ತುಂಡಿನ ಮೇಲೆ ಬಿಡಿ ಮೊಗ್ಗು, ನಡುವೆ ಎರಡು ಕೈ. ಅಮ್ಮ ನಸುಕಿನಲ್ಲೇ ಕೆ.ಆರ್. ಮಾರ್ಕೆಟ್ಟಿಗೆ ಹೋಗಿ ಹೂ ತಂದಿದ್ದಾರೆ. 1905ರಲ್ಲಿ ಶಿವನಸಮುದ್ರದ ಕರೆಂಟು ಬೆಂಗಳೂರಿಗೆ ಬಂದಾಗ ಮೊದಲು ಬೀದಿದೀಪ ಹತ್ತಿದ ಜಾಗಗಳಲ್ಲಿ ಆ ಮಾರ್ಕೆಟ್ ಸುತ್ತಮುತ್ತಲೂ ಒಂದು. ಈಗಲೂ ಅಲ್ಲಿ ಹೂವಿನ ವ್ಯಾಪಾರ ದೀಪದ ಬೆಳಕಿನಲ್ಲೇ ಜೋರು, ಬೆಳಕು ಹರಿದ ಮೇಲೆ ಹೋದರೆ ಒಳ್ಳೇ ಹೂ ಸಿಗಲ್ಲ ಅಂತ ಅಮ್ಮ ಹೇಳುತ್ತಾರೆ. ಟೇಕ್ ಶುರುವಾಗುವ ಹೊತ್ತಿಗೆ ಅವರು ಎದ್ದು ನಾಲ್ಕು ಗಂಟೆ ಕಳೆದಿತ್ತು.

ಎರಡು ಮೊಗ್ಗು ಆ ಕಡೆಗೆ ತೊಟ್ಟು, ಎರಡು ಈ ಕಡೆಗೆ. ಎಡಗೈ ಹೆಬ್ಬೆರಳು ತೊಟ್ಟುಗಳನ್ನು ಒತ್ತಿ ಹಿಡಿಯುತ್ತದೆ. ಬಲಗೈ ದಾರವನ್ನು ಒಂದು ಸುತ್ತು ತರುತ್ತದೆ, ಬೆರಳ ತುದಿಯಲ್ಲಿ ಕುಣಿಕೆಯಾಗುತ್ತದೆ, ಕುಣಿಕೆ ತೊಟ್ಟಿನ ಮೇಲೆ ಬೀಳುತ್ತದೆ, ಒಂದು ಎಳೆತ. ಗಂಟು. ಎರಡು ಸೆಕೆಂಡೂ ಇಲ್ಲ. ಮೊದಲ ನಿಮಿಷದಲ್ಲಿ ಕೈ ಹೇಗೆ ಓಡುತ್ತದೆ ಅಂತ ಮಾತ್ರ ನೋಡುತ್ತೇವೆ. ಎರಡನೇ ನಿಮಿಷದ ಹೊತ್ತಿಗೆ ಕಣ್ಣು ಬೇರೆಯದಕ್ಕೆ ಹೋಗುತ್ತದೆ. ಬಲಗೈ ತೋರುಬೆರಳಿನ ಮೇಲೆ ದಾರ ಉಜ್ಜಿ ಉಜ್ಜಿ ಒಂದು ಗೆರೆ ಬಿದ್ದಿದೆ. ಆ ಗೆರೆ ಮೂರು ಸೆಕೆಂಡಿನ ಕ್ಲೋಸಪ್‌ನಲ್ಲಿ ಕಂಡಿದ್ದರೆ ಅದೊಂದು ವಿಷಯ ಆಗಿಬಿಡುತ್ತಿತ್ತು, ನಾನು ತೋರಿಸಿದ ವಿಷಯ. ಇಲ್ಲಿ ಅದು ತಾನಾಗಿ ಕಾಣುತ್ತದೆ. ಕಂಡವರಿಗೆ ಕಾಣುತ್ತದೆ.

ಗಿರಾಕಿ ಬರುತ್ತಾರೆ. ಮೊದಲೇ ಕಟ್ಟಿಟ್ಟ ಸುರುಳಿಯಿಂದ ಅಮ್ಮ ಮೊಣಕೈಯಿಂದ ನಡುಬೆರಳ ತುದಿಯವರೆಗೆ ಅಳೆದು ಒಂದು ಮೊಳ ಕೊಡುತ್ತಾರೆ. ಇವತ್ತಿಗೂ ಈ ಊರಿನಲ್ಲಿ ಹೂವಿಗೆ ಅಳತೆ ಮೈಯೇ. ಮೊಳ, ನಾಲ್ಕು ಮೊಳ ಸೇರಿದರೆ ಮಾರು. ಮೂರನೇ ನಿಮಿಷಕ್ಕೆ ಒಂದು ಆಟೋ ಬಂದು ಸರಿಯಾಗಿ ಕ್ಯಾಮೆರಾ ಮುಂದೆ ನಿಂತುಬಿಟ್ಟಿತು. ಪರದೆ ತುಂಬ ಹಸಿರು ಹಳದಿ ತಗಡು. 48 ಸೆಕೆಂಡು. ನನ್ನ ವೃತ್ತಿಯ ಕೈ ತಕ್ಷಣ ಕತ್ತರಿಗೆ ಹೋಯಿತು. ಎದ್ದು ಹೋಗಿ ಆಟೋದವರಿಗೆ ಸ್ವಲ್ಪ ಮುಂದೆ ಹೋಗಿ ಅನ್ನಬೇಕು ಅನಿಸಿತು. ಹೇಗೋ ತಡೆದುಕೊಂಡೆ. ಆ 48 ಸೆಕೆಂಡು ಏನೂ ಕಾಣದಿದ್ದರೂ ಎಲ್ಲ ಕೇಳಿಸುತ್ತದೆ. "ನಿಮ್ಮ ಮೊಳ ಚಿಕ್ಕದಾಯ್ತು" ಅಂತ ಒಂದು ಹೆಂಗಸಿನ ದನಿ. "ದೇವ್ರು ಇಷ್ಟೇ ಕೈ ಕೊಟ್ಟವ್ನೆ, ಏನ್ಮಾಡ್ಲಿ, ತಗೋ ಇನ್ನೆರಡು ಬೆರಳು ಬಿಡ್ತೀನಿ" ಅಂತ ಅಮ್ಮ. ಚಿಲ್ಲರೆ ಸದ್ದು. ಕೆಮ್ಮು. ಆಟೋ ಹೋದಾಗ ನೋಡಿದರೆ ಮಾಲೆ ನಾಲ್ಕು ಬೆರಳಷ್ಟು ಬೆಳೆದಿದೆ. ನಾವು ನೋಡದೇ ಇದ್ದಾಗಲೂ ಕೆಲಸ ನಿಂತಿರಲಿಲ್ಲ. ಇಡೀ ಟೇಕ್‌ನಲ್ಲಿ ನನಗೆ ತುಂಬ ಇಷ್ಟವಾದ ಜಾಗ ಈಗ ಅದೇ.

ಆಮೇಲೆ ಟೀ ಬಂತು. ಕುಡಿಯುವಾಗ ದಾರದ ತುದಿಯನ್ನು ಮಂಡಿಯ ಕೆಳಗೆ ಸಿಕ್ಕಿಸಿಕೊಂಡರು, ಗಂಟು ಬಿಚ್ಚದ ಹಾಗೆ. ಎಂಟನೇ ನಿಮಿಷಕ್ಕೆ ಹಸುವೊಂದು ಮೂತಿ ಚಾಚಿತು. ಅದರ ಹಣೆಗೆ ಮೆಲ್ಲಗೆ ತಟ್ಟಿ, ಬಾಡಿದ ಎರಡು ಸೇವಂತಿಗೆ ಬಾಯಿಗೆ ಕೊಟ್ಟು ಕಳಿಸಿದರು. ಒಬ್ಬರು ನೂರರ ನೋಟು ಕೊಟ್ಟರು, ಚಿಲ್ಲರೆಗೆ ಹುಡುಕಾಟ. ನೀರು ಚಿಮುಕಿಸಿದ್ದು. ಮತ್ತೆ ಎರಡು ಆ ಕಡೆ, ಎರಡು ಈ ಕಡೆ. ಬರೀ ಕೈ ಓಡಿದ ಹೊತ್ತನ್ನು ಆಮೇಲೆ ಟೈಮ್‌ಲೈನಿನಲ್ಲಿ ಕೂಡಿಸಿ ನೋಡಿದೆ. ನಾಲ್ಕು ನಿಮಿಷದ ಮೇಲೆ ಸ್ವಲ್ಪ. ಉಳಿದ ಏಳು ನಿಮಿಷ ಗಿರಾಕಿ, ಹಸು, ಟೀ, ಚಿಲ್ಲರೆ, ಆಟೋ. ಒಂದು ಮೊಳ ಹೂವಿನಲ್ಲಿ ಅದೂ ಸೇರಿದೆ ಅಲ್ವಾ?

ಈ ತರಹ ನೋಡುವುದನ್ನು ನಾನೇನೂ ಕಂಡುಹಿಡಿದಿಲ್ಲ. ಬೆಲ್ಜಿಯಂನ ಶಾಂತಾಲ್ ಆಕರ್‌ಮನ್ 1975ರಲ್ಲಿ, ತಮಗೆ 25 ತುಂಬುವ ಮೊದಲೇ, 'ಜೀನ್ ಡೀಲ್‌ಮನ್' ಅನ್ನುವ ಸಿನಿಮಾ ಮಾಡಿದರು. 201 ನಿಮಿಷ. ಬ್ರಸೆಲ್ಸ್‌ನ ಒಬ್ಬ ಗೃಹಿಣಿಯ ಮೂರು ದಿನ. ಆಕೆ ಆಲೂಗಡ್ಡೆ ಸಿಪ್ಪೆ ತೆಗೆಯುತ್ತಾಳೆ, ಹಾಸಿಗೆ ಸರಿಮಾಡುತ್ತಾಳೆ, ಪಾತ್ರೆ ತೊಳೆಯುತ್ತಾಳೆ. ಕ್ಯಾಮೆರಾ ಕದಲದೆ ನೋಡುತ್ತದೆ. ಎರಡನೇ ದಿನ ಆಲೂಗಡ್ಡೆ ಜಾಸ್ತಿ ಬೆಂದುಹೋಗುತ್ತದೆ. ನೋಡೋಕೆ ಸಣ್ಣ ವಿಷಯ. ಆದರೆ ಮೊದಲ ದಿನವನ್ನು ಇಡಿಯಾಗಿ ನೋಡಿರುವ ನಮಗೆ, ಏನೋ ಹಳಿ ತಪ್ಪಿತು ಅಂತ ಎದೆ ಧಸಕ್ಕೆನ್ನುತ್ತದೆ. 2022ರಲ್ಲಿ ಬ್ರಿಟನ್ನಿನ 'ಸೈಟ್ ಅಂಡ್ ಸೌಂಡ್' ಪತ್ರಿಕೆ ವಿಮರ್ಶಕರನ್ನು ಕೇಳಿ ಮಾಡಿದ ಪಟ್ಟಿಯಲ್ಲಿ ಇದಕ್ಕೆ ಮೊದಲ ಸ್ಥಾನ ಬಂತು. ನಾನು ನೋಡಿದ್ದು ಗೆಳತಿಯ ಮನೆಯಲ್ಲಿ. ಮುಗಿದ ಮೇಲೆ ಅಡುಗೆಮನೆಗೆ ಹೋಗಿ ಅವಳ ಅಮ್ಮ ಬೀನ್ಸ್ ನಾರು ತೆಗೆಯುತ್ತಿದ್ದುದನ್ನು ನೋಡಿಕೊಂಡು ನಿಂತೆ. "ಏನ್ ಬೇಕಮ್ಮಾ?" ಅಂದರು. ಏನೂ ಬೇಡ ಅಂದೆ.

ಅದೇ ಆಕರ್‌ಮನ್ ಆ ದಶಕದಲ್ಲೇ ನ್ಯೂಯಾರ್ಕಿನ ಬೀದಿಗಳನ್ನು ಹೀಗೇ ಚಿತ್ರಿಸಿ, ಆ ಚಿತ್ರಗಳ ಮೇಲೆ ತಮ್ಮ ತಾಯಿ ಊರಿನಿಂದ ಬರೆದ ಕಾಗದಗಳನ್ನು ಓದಿದರು. ರೈಲು ಬಂದಾಗ, ಗಾಡಿ ಬಂದಾಗ, ಓದುವ ದನಿ ಮುಚ್ಚಿಹೋಗುತ್ತದೆ. ಬೆಂಗಳೂರಿಗೆ ಕೆಲಸಕ್ಕೆ ಬಂದು ಫೋನಿನಲ್ಲಿ ಅಮ್ಮನ ಜೊತೆ ಮಾತಾಡುತ್ತಾ ರಸ್ತೆ ದಾಟಿದವರಿಗೆಲ್ಲ ಇದು ಗೊತ್ತು. "ಊಟ ಆಯ್ತಾ" ಅನ್ನುವ ಮಾತು ಬಸ್ಸಿನ ಹಾರನ್ನಿನಲ್ಲಿ ಮುಳುಗುತ್ತದೆ. ನಾವು ಕೇಳಿಸದೇ ಇದ್ದರೂ "ಹ್ಞೂ, ಆಯ್ತಮ್ಮ" ಅನ್ನುತ್ತೇವೆ.

ಇಂಥ ಸಿನಿಮಾ ಈ ಊರಿಗೆ ಹೊಸದೂ ಅಲ್ಲ. ಬನಶಂಕರಿಯ ಸುಚಿತ್ರಾ ಫಿಲ್ಮ್ ಸೊಸೈಟಿ 1971ರಿಂದ ಇದೆ. ಪ್ರಯೋಗದ ಸಿನಿಮಾಗಳಿಗಾಗಿಯೇ 2003ರಲ್ಲಿ ಶುರುವಾದ ಎಕ್ಸ್‌ಪೆರಿಮೆಂಟಾ ಉತ್ಸವ ನಮ್ಮ ಊರಿನಲ್ಲೇ ನೆಲೆ ಕಂಡಿದೆ. ಕತ್ತಲಲ್ಲಿ ಬೇರೆಯವರ ಜೊತೆ ಕೂತು ನಿಧಾನದ ಸಿನಿಮಾ ನೋಡುವುದು ಮನೆಯಲ್ಲಿ ನೋಡಿದಂತಲ್ಲ. ಪಕ್ಕದವರು ಕೂತಿದ್ದಾರೆ, ನಾನೂ ಕೂರುತ್ತೇನೆ ಅನ್ನುವ ಧೈರ್ಯ ಬರುತ್ತದೆ.

ಈಗ ನನ್ನನ್ನು ಒಂದು ವರ್ಷ ಕಾಡಿದ ಪ್ರಶ್ನೆಗೆ ಬರುತ್ತೇನೆ. ಕತ್ತರಿಸುವುದೇ ಇಲ್ಲ ಅಂದರೆ, ನಿಲ್ಲಿಸುವುದು ಎಲ್ಲಿ?

ಹಿಂದಿನವರಿಗೆ ಇದನ್ನು ರೀಲೇ ಹೇಳಿಬಿಡುತ್ತಿತ್ತು. 1895ರಲ್ಲಿ ಲೂಮಿಯೇರ್ ಸಹೋದರರು ಫ್ರಾನ್ಸಿನ ಲಿಯೋನ್‌ನಲ್ಲಿ ತಮ್ಮ ಕಾರ್ಖಾನೆಯಿಂದ ಕೆಲಸಗಾರರು ಹೊರಗೆ ಬರುವುದನ್ನು ಚಿತ್ರಿಸಿದರು. ಸುಮಾರು 17 ಮೀಟರ್ ರೀಲು, 50 ಸೆಕೆಂಡಿನ ಆಸುಪಾಸು. ಹೆಂಗಸರು, ಗಂಡಸರು, ಒಂದು ನಾಯಿ, ಒಂದು ಸೈಕಲ್ಲು. ರೀಲು ಮುಗಿದರೆ ಸಿನಿಮಾ ಮುಗಿಯಿತು. ಸಿನಿಮಾ ಹುಟ್ಟಿದ್ದೇ ದಿನನಿತ್ಯದ ಕೆಲಸ ನೋಡುತ್ತಾ, ಒಂದೇ ಶಾಟ್‌ನಲ್ಲಿ, ಅನ್ನುವುದು ನೆನಪಾದಾಗೆಲ್ಲ ನನಗೆ ಧೈರ್ಯ ಬರುತ್ತದೆ. 1964ರ ಜುಲೈಯಲ್ಲಿ ಅಮೆರಿಕದ ಕಲಾವಿದ ಆಂಡಿ ವಾರ್ಹಾಲ್ ನ್ಯೂಯಾರ್ಕಿನ ಎಂಪೈರ್ ಸ್ಟೇಟ್ ಕಟ್ಟಡವನ್ನು ಸಂಜೆಯಿಂದ ನಡುರಾತ್ರಿ ದಾಟುವವರೆಗೆ ಚಿತ್ರಿಸಿದರು. ಸುಮಾರು ಆರೂವರೆ ಗಂಟೆಯ ಚಿತ್ರೀಕರಣವನ್ನು ವೇಗ ತಗ್ಗಿಸಿ ತೋರಿಸಿದ್ದರಿಂದ ಸಿನಿಮಾ 8 ಗಂಟೆ 5 ನಿಮಿಷದ್ದಾಯಿತು. ಅವರು ಕೂಡ ರೀಲು ಬದಲಿಸುತ್ತಲೇ ಇದ್ದರು. ಅಮೆರಿಕದ ಜೇಮ್ಸ್ ಬೆನ್ನಿಂಗ್ 2004ರಲ್ಲಿ 13 ಕೆರೆಗಳನ್ನು ಒಂದೊಂದಕ್ಕೆ 10 ನಿಮಿಷದಂತೆ ಚಿತ್ರಿಸಿದರು. 16 ಎಂಎಂ ಕ್ಯಾಮೆರಾದ 400 ಅಡಿ ರೀಲು ಓಡುವುದೇ ಸುಮಾರು 11 ನಿಮಿಷ.

ನನ್ನದು ಡಿಜಿಟಲ್. ಕಾರ್ಡು ತುಂಬೋಕೆ ಗಂಟೆಗಳು ಬೇಕು. ಹಾಗಾಗಿ ನನಗೆ ತಡೆಯೇ ಇಲ್ಲ ಅಂದುಕೊಂಡಿದ್ದೆ, ಮಳೆಮರದ ಟೇಕ್ ಮಾಡುವವರೆಗೆ.

ನಮ್ಮ ಬೀದಿಯಲ್ಲೊಂದು ದೊಡ್ಡ ಮಳೆಮರ ಇದೆ. ಕತ್ತಲಾಗುತ್ತಿದ್ದ ಹಾಗೆ ಅದರ ಎಲೆಗಳು ಮಡಚಿಕೊಳ್ಳುತ್ತವೆ. ಹಗಲು ಚಪ್ಪರದ ಹಾಗೆ ಇದ್ದದ್ದು ರಾತ್ರಿ ಜರಡಿಯ ಹಾಗೆ ಆಗುತ್ತದೆ, ಆಕಾಶ ಕಾಣುತ್ತದೆ. ಚಿಕ್ಕಂದಿನಿಂದ ಅದರ ಕೆಳಗೇ ಓಡಾಡಿದ್ದೇನೆ. ಮಡಚುವುದನ್ನು ಮಾತ್ರ ಒಂದು ದಿನವೂ ನೋಡಿರಲಿಲ್ಲ. ತೆರೆದಿದ್ದು ಗೊತ್ತು, ಮುಚ್ಚಿದ್ದು ಗೊತ್ತು. ಒಂದು ಸಂಜೆ ತಾರಸಿ ಮೇಲೆ ರಾಗಿಚೀಲ ಇಟ್ಟು ಕೂತೆ. ಗಿಳಿಗಳು ಗಲಾಟೆ ಮಾಡುತ್ತಾ ಬಂದು ಸೇರಿದವು. ಬೀದಿದೀಪ ಹತ್ತಿತು. ಎಲೆ ಅಲ್ಲಾಡಿದ್ದು ಯಾವ ಕ್ಷಣದಲ್ಲೂ ಕಾಣಲಿಲ್ಲ, ಆದರೆ ಕೊಂಬೆಗಳ ಸಂದಿನಲ್ಲಿ ಬೆಳಕಿನ ಚುಕ್ಕೆಗಳು ಒಂದೊಂದಾಗಿ ಹೆಚ್ಚುತ್ತಾ ಹೋದವು. ಇನ್ನೇನು ಪೂರ್ತಿ ಮಡಚಿಕೊಳ್ಳಬೇಕು, ಕ್ಯಾಮೆರಾ ತಾನಾಗಿ ನಿಂತುಹೋಯಿತು. 29 ನಿಮಿಷ 59 ಸೆಕೆಂಡು.

ಕೆಟ್ಟಿರಲಿಲ್ಲ. ಎಷ್ಟೋ ಸ್ಟಿಲ್ ಕ್ಯಾಮೆರಾಗಳನ್ನು ಹಾಗೇ ಮಾಡಿದ್ದರು. 30 ನಿಮಿಷಕ್ಕಿಂತ ಜಾಸ್ತಿ ವಿಡಿಯೊ ಹಿಡಿಯುವ ಕ್ಯಾಮೆರಾ ಆದರೆ ಯುರೋಪಿನಲ್ಲಿ ಅದು ವಿಡಿಯೊ ಕ್ಯಾಮೆರಾ ಅನ್ನಿಸಿಕೊಂಡು ಹೆಚ್ಚಿನ ಸುಂಕ ಬೀಳುತ್ತಿತ್ತು. ಅದಕ್ಕೆ ಕಂಪನಿಗಳು ಒಂದು ಸೆಕೆಂಡು ಮೊದಲೇ ನಿಲ್ಲುವ ಹಾಗೆ ಮಾಡಿಟ್ಟವು. ಎಲ್ಲಿಯದೋ ಸುಂಕದ ಲೆಕ್ಕ ಬಂದು ನಮ್ಮ ಬೀದಿಯ ಮರದ ಶಾಟ್ ಕತ್ತರಿಸಿತ್ತು. ಅವತ್ತು ನನಗೆ ನಿಜಕ್ಕೂ ಸಿಟ್ಟು ಬಂತು. ಅಡಿಗಳ ಲೆಕ್ಕ, ಸುಂಕದ ಲೆಕ್ಕ, ಜಾಹೀರಾತಿನಲ್ಲಿ ಸೆಕೆಂಡಿನ ಲೆಕ್ಕ. ಮರಕ್ಕೆ ಎಷ್ಟು ಹೊತ್ತು ಬೇಕು ಅಂತ ಮರವನ್ನು ಯಾರೂ ಕೇಳಲೇ ಇಲ್ಲ.

ಹಾಗೆ ಕೇಳಿದವರು ಬೆನ್ನಿಂಗ್ ಅವರೇ. 2007ರ 'ಆರ್‌ಆರ್' (ರೈಲ್‌ರೋಡ್) ಸಿನಿಮಾದಲ್ಲಿ ಅವರು 43 ರೈಲುಗಳನ್ನು ಚಿತ್ರಿಸಿದರು. ರೈಲು ಫ್ರೇಮಿನೊಳಗೆ ಬರುತ್ತದೆ, ದಾಟಿ ಹೋಗುತ್ತದೆ. ಶಾಟ್ ಎಷ್ಟು ಉದ್ದ ಅಂದರೆ ರೈಲು ಎಷ್ಟು ಉದ್ದವೋ, ಎಷ್ಟು ನಿಧಾನವೋ ಅಷ್ಟು.

ಇದನ್ನು ಓದಿ ಖುಷಿಯಾಗಿ ಮನೆಯಲ್ಲಿ ನನ್ನ ಅಮ್ಮನಿಗೆ ಹೇಳಿದೆ. ಅಮ್ಮ ಒಲೆ ಮುಂದೆ ಇದ್ದರು. "ಅದ್ರಲ್ಲೇನಿದೆ, ಹಾಲು ಕಾಯೋ ಹೊತ್ತು ಇಲ್ಲಿ ನಿಂತ್ಕೋ, ನಾನು ಬಟ್ಟೆ ತಗೊಂಡು ಬರ್ತೀನಿ" ಅಂದು ತಾರಸಿಗೆ ಹೋದರು. ನಾನು ಹಾಲಿನ ಮುಂದೆ ನಿಂತೆ. ನಿಂತಾಗ ಹೊಳೆಯಿತು. ಹಾಲು ಕಾಯೋ ಹೊತ್ತು. ಅನ್ನ ಬೇಯೋ ಹೊತ್ತು. ಎಲೆ ಅಡಿಕೆ ಹಾಕ್ಕೊಳ್ಳೋ ಹೊತ್ತು. ಒಂದು ಕಾಫಿ ಕುಡಿಯೋ ಹೊತ್ತು. ದೀಪ ಹಚ್ಚೋ ಹೊತ್ತು. ನಮ್ಮ ಮನೆಗಳಲ್ಲಿ ಹೊತ್ತನ್ನು ಅಳೆಯುವುದು ಕೆಲಸದಿಂದ. ನಿಮಿಷ ಆಮೇಲೆ ಬಂದದ್ದು. ಹೂವಿಗೆ ಮೊಳ ಹೇಗೋ ಹಾಗೆ, ಇದೂ ಮೈಗೆ, ಕೈಗೆ ಅಂಟಿಕೊಂಡ ಅಳತೆ. ಲಾಂಗ್ ಟೇಕ್ ಎಷ್ಟು ಉದ್ದ ಇರಬೇಕು ಅನ್ನುವುದಕ್ಕೆ ನನಗೆ ಬೇಕಿದ್ದ ಲೆಕ್ಕ ಇದೇ. ಫ್ರೇಮಿನೊಳಗೆ ನಡೆಯುತ್ತಿರುವ ಕೆಲಸಕ್ಕೆ ಅದರದೇ ಹೊತ್ತು ಇದೆ. ಅದು ಮುಗಿಯುವವರೆಗೆ ಕಾಯಬೇಕು. ಮಧ್ಯದಲ್ಲಿ ಎದ್ದು ಹೋಗುವ ಹಕ್ಕು ನನಗಿಲ್ಲ.

ಅಲ್ಲಿಂದ ಮುಂದೆ ಹೀಗೇ ಮಾಡಿದೆ. ಸೌತ್ ಎಂಡ್ ಸರ್ಕಲ್ ಹತ್ತಿರ, ಬಸ್ಸು ಬಂದು ನಿಂತಾಗಿನಿಂದ ಕಂಡಕ್ಟರ್ ವಿಷಲ್ ಹಾಕುವವರೆಗೆ. ಒಂದು ಬಸ್ಸಿಗೆ 9 ಸೆಕೆಂಡು, ಇನ್ನೊಂದಕ್ಕೆ 41, ಯಾಕೆಂದರೆ ಅಜ್ಜಿ ಒಬ್ಬರು ಎರಡು ಚೀಲ ಇಳಿಸಬೇಕಿತ್ತು, "ಹೋಲ್ಡಾನ್ ಹೋಲ್ಡಾನ್" ಅನ್ನುತ್ತಾ ಕಂಡಕ್ಟರೇ ಒಂದು ಚೀಲ ಇಳಿಸಿಕೊಟ್ಟರು. ಇಸ್ತ್ರಿ ಗಾಡಿಯಲ್ಲಿ ಒಂದು ಸೀರೆ. ಅಂಗಡಿ ಮಾಡಿನ ಕೆಳಗೆ ಒಂದು ಮಳೆ, ನಿಂತಷ್ಟೂ ಹೊತ್ತು. ಆ ಮಳೆ ಮುಗಿಯುವ ಮೊದಲು ಬ್ಯಾಟರಿ ಮುಗಿಯಿತು. ಅದನ್ನು ಇಟ್ಟುಕೊಳ್ಳಲಿಲ್ಲ.

ಹೆಂಗಸರು ಓದುತ್ತಿದ್ದರೆ ಒಂದು ಮಾತು ಅರ್ಥವಾಗುತ್ತದೆ. ನಾವು ಬೀದಿಯಲ್ಲಿ ಸುಮ್ನೆ ನಿಲ್ಲುವುದಿಲ್ಲ. ಎಲ್ಲಿಗೋ ಹೋಗುತ್ತಿರುತ್ತೇವೆ, ಇಲ್ಲ ಯಾರಿಗೋ ಕಾಯುತ್ತಿರುತ್ತೇವೆ. ಹತ್ತು ನಿಮಿಷ ಒಂದೇ ಕಡೆ ನಿಂತರೆ ಯಾರಾದರೂ ಬಂದು "ಯಾರಿಗೆ ಕಾಯ್ತಿದ್ದೀರಾ?" ಅನ್ನುತ್ತಾರೆ, ಅಥವಾ ಕೇಳದೆ ಸುತ್ತು ಹಾಕುತ್ತಾರೆ. 2003ರಲ್ಲಿ ಬೆಂಗಳೂರಿನಲ್ಲೇ ಹುಟ್ಟಿದ ಬ್ಲ್ಯಾಂಕ್ ನಾಯ್ಸ್ ಬಳಗ ಹೆಂಗಸರನ್ನು ಪಾರ್ಕುಗಳಿಗೆ ಕರೆದು ಹುಲ್ಲಿನ ಮೇಲೆ ಸುಮ್ಮನೆ ಮಲಗಿಸಿದ್ದು ಇದಕ್ಕೇ. ನನಗೆ ಕ್ಯಾಮೆರಾ ಒಂದು ನೆಪ ಕೊಟ್ಟಿತು. ಬರಬರುತ್ತಾ ನೆಪ ಬೇಡವಾಯಿತು. ಈಗ ಕ್ಯಾಮೆರಾ ಇಲ್ಲದಿದ್ದರೂ ನಿಲ್ಲುತ್ತೇನೆ. ಹುಟ್ಟಿ ಬೆಳೆದ ಊರನ್ನು ನಿಂತು ನೋಡಿದ್ದು ಮೂವತ್ತೈದು ದಾಟಿದ ಮೇಲೆ ಅಂತ ನೆನೆದರೆ ಬೇಜಾರಾಗುತ್ತದೆ.

ಒಂದು ಭಾನುವಾರ ಒಂದು ಕಾಂಪ್ಲೆಕ್ಸಿನ ಎದುರಿನ ಫುಟ್‌ಪಾತಿನಲ್ಲಿ ಕೂತಿದ್ದೆ. ಸೆಕ್ಯೂರಿಟಿಯವರು ಬಂದರು. "ಏನ್ ಹಿಡ್ಯಾಕತ್ತೀರಿ ಮೇಡಂ? ಇಲ್ಲಿ ಹಿಡ್ಯಾಂಗಿಲ್ರೀ, ನಮಗ ಬೈತಾರ." ರಾಯಚೂರಿನ ಕಡೆಯವರು. ಗೇಟು ಹಿಡಿಯುತ್ತಿಲ್ಲ, ಬೀದಿ ಗುಡಿಸುವವರು ಈ ತುದಿಯಿಂದ ಆ ತುದಿಗೆ ಹೋಗುವುದನ್ನು ಹಿಡಿಯುತ್ತಿದ್ದೇನೆ ಅಂದೆ. ಕ್ಯಾಮೆರಾದಲ್ಲಿ ತೋರಿಸಿದೆ. ಸ್ವಲ್ಪ ಹೊತ್ತು ನೋಡಿದರು. ಆಮೇಲೆ ಅವರೇ ಹೇಳತೊಡಗಿದರು. ಆ ಪೌರಕಾರ್ಮಿಕ ಅಕ್ಕ ಎಲೆಗಳನ್ನು ಎಲ್ಲಿ ಗುಡ್ಡೆ ಹಾಕುತ್ತಾರೆ, ಯಾವ ಮನೆಯವರು ಗುಡಿಸಿದ ಮೇಲೆ ಕಸ ಹಾಕುತ್ತಾರೆ, ಎದುರಿನ ಸಿಲ್ವರ್ ಓಕ್ ಮರದಲ್ಲಿ ಹದ್ದು ಯಾವ ತಿಂಗಳು ಗೂಡು ಕಟ್ಟಿತು, ಮರಿ ಯಾವತ್ತು ಹಾರಿತು. ಹನ್ನೆರಡು ಗಂಟೆಯ ಶಿಫ್ಟು. ಒಂದೇ ಕುರ್ಚಿ, ಒಂದೇ ಗೇಟು, ಎದುರಿಗೆ ಅದೇ ಬೀದಿ. ನಾನು ವಾರಕ್ಕೊಮ್ಮೆ ಹತ್ತು ನಿಮಿಷ ನೋಡಿ ದೊಡ್ಡದೇನೋ ಮಾಡುತ್ತಿದ್ದೇನೆ ಅಂದುಕೊಂಡಿದ್ದೆ. ಈ ಊರನ್ನು ಕತ್ತರಿಸದೆ ನೋಡುತ್ತಿರುವವರು ಗೇಟಿಗೊಬ್ಬರಂತೆ ಕೂತಿದ್ದಾರೆ. ಅವರನ್ನು ಯಾರೂ ಏನು ನೋಡಿದಿರಿ ಅಂತ ಕೇಳಿಲ್ಲ. ನಾನೂ ಅವತ್ತಿನವರೆಗೆ ಕೇಳಿರಲಿಲ್ಲ. ಆ ಟೇಕ್ ಅವತ್ತು ಆಗಲಿಲ್ಲ. ಅವರ ಪಕ್ಕದ ಕಟ್ಟೆಯಲ್ಲಿ ಕೂತು ಅವರು ತೋರಿಸಿದ ಕಡೆ ನೋಡಿದೆ.

ಹೂವಿನ ಅಮ್ಮನಿಗೆ ಅವರ ಟೇಕ್ ತೋರಿಸಬೇಕು ಅಂತ ಬಹಳ ದಿನದಿಂದ ಇತ್ತು. ವರಮಹಾಲಕ್ಷ್ಮಿ ಹಬ್ಬದ ಗಲಾಟೆ ಮುಗಿಯಲಿ ಅಂತ ಕಾದೆ. ಕಳೆದ ತಿಂಗಳು ಒಂದು ಭಾನುವಾರ ಫೋನಿಗೆ ಹಾಕಿಕೊಂಡು ಹೋದೆ. ಅವರು ಕೈ ಒರೆಸಿಕೊಂಡು ಫೋನು ತಗೊಂಡರು, ಬಿಸಿಲು ಬೀಳದ ಹಾಗೆ ಸೆರಗು ಅಡ್ಡ ಹಿಡಿದರು. ನಾನು ಅವರ ಪಕ್ಕ ಕೂತೆ.

ಅವರು ಕೈ ನೋಡುತ್ತಾರೆ ಅಂದುಕೊಂಡಿದ್ದೆ. ಮೊದಲು ನೋಡಿದರು ಕೂಡ. "ಇಲ್ಲಿ ಗಂಟು ಸಡಿಲ ಬಿತ್ತು ನೋಡು" ಅಂದರು. ನನಗೆ ಕಾಣಲಿಲ್ಲ. ಆಮೇಲೆ ಅವರ ಕಣ್ಣು ಹಿಂದಕ್ಕೆ ಹೋಯಿತು, ನಿಂಬೆಹಣ್ಣಿನ ಹುಡುಗನ ಕಡೆಗೆ. ಈಗ ಅವನು ಅಲ್ಲಿ ಕೂರುವುದಿಲ್ಲ. ಬೇರೆ ಕಡೆ ಹೋಗಿದ್ದಾನೆ.

"ಅಯ್ಯೋ, ಅವತ್ತು ಇವನಿಗೆ ಬೋಣಿನೇ ಆಗಿರ್ಲಿಲ್ಲ."

ನಾನು ಆ ಟೇಕನ್ನು ಇಪ್ಪತ್ತು ಸಲವಾದರೂ ನೋಡಿದ್ದೇನೆ. ದೊಡ್ಡ ಮಾನಿಟರಿನಲ್ಲಿ, ಬಣ್ಣ ಸರಿಮಾಡುತ್ತಾ, ಆ ಹಳದಿ ಎಷ್ಟು ಚೆನ್ನಾಗಿದೆ ಅಂದುಕೊಳ್ಳುತ್ತಾ.

"ಹೇಗೆ ಗೊತ್ತಾಯ್ತಮ್ಮಾ?"

"ಗುಡ್ಡೆ ಎಣಿಸು. ಆಗಿಂದ ಅಷ್ಟೇ ಅವೆ. ನೋಡು, ತೆಗೀತಾವ್ನೆ, ಒರೆಸ್ತಾವ್ನೆ, ಮತ್ತೆ ಅಲ್ಲೇ ಇಡ್ತಾವ್ನೆ. ಯಾರಾದ್ರೂ ಬಂದ್ರೆ ಎದ್ದು ನಿಂತ್ಕೊತಾನೆ. ನನ್ನತ್ರ ಬರೋರು ಅವ್ರು. ಕೂತ್ಕೊತಾನೆ."

ಎಣಿಸಿದೆ. ಆರು ಗುಡ್ಡೆ. ಫೋನು ಹಿಂದಕ್ಕೆ ಜರುಗಿಸಿ ಮೊದಲಿಗೆ ಹೋದೆ. ಅಲ್ಲೂ ಆರು. ಅಮ್ಮ ನನ್ನ ಕೈಯಿಂದ ಫೋನು ತಗೊಂಡು ಎಲ್ಲಿದ್ದರೋ ಅಲ್ಲಿಗೆ ತರಿಸಿಕೊಂಡು ಮತ್ತೆ ನೋಡತೊಡಗಿದರು. ಮಾತಿಲ್ಲ. ಏಳನೇ ನಿಮಿಷ ನಡೆಯುತ್ತಿತ್ತು. ಅವರು ಮುಂದಕ್ಕೆ ಬಗ್ಗಿದ್ದರು, ಯಾರಾದರೂ ಅವನ ಹತ್ತಿರ ಹೋಗಲಿ ಅನ್ನುವ ಹಾಗೆ.

ಅಷ್ಟರಲ್ಲಿ ಗಿರಾಕಿ ಬಂದರು. "ಎರಡು ಮೊಳ ಕೊಡಿ." ಅಮ್ಮ ಫೋನು ನನ್ನ ಮಡಿಲಿಗೆ ಹಾಕಿ ಬುಟ್ಟಿ ಎಳೆದುಕೊಂಡರು.

"ಇಟ್ಟಿರು. ಮಿಕ್ಕಿದ್ದು ಆಮೇಲೆ ನೋಡ್ತೀನಿ."

ಒಬ್ಬರಾದ ಮೇಲೆ ಒಬ್ಬರು ಬರುತ್ತಲೇ ಇದ್ದರು. ಅವತ್ತು ಆಗಲಿಲ್ಲ. ಮುಂದಿನ ವಾರ ಹೋದಾಗ ಅವರೇ ಕೇಳಿದರು, "ಆ ಹುಡುಗಂದು ಏನಾಯ್ತು? ಯಾರಾದ್ರೂ ತಗೊಂಡ್ರಾ?" ನನಗೆ ಉತ್ತರ ಗೊತ್ತಿತ್ತು, ಈಗ ಸರಿಯಾಗಿ ನೋಡಿದ್ದೆ. ಹೇಳಲಿಲ್ಲ. ಫೋನು ತೆಗೆದು, ಏಳನೇ ನಿಮಿಷಕ್ಕೆ ತಂದು, ಅವರ ಕೈಗೆ ಕೊಟ್ಟೆ.